ಬೊಲೊನ್ಯಾದ ಅಡುಗೆಮನೆಯಲ್ಲಿ ಒಂದು ಪಾಠ

(ಅಂತಿಮ ಬಿ.ಎ. ವಿದ್ಯಾರ್ಥಿಯೊಬ್ಬನ ಅಭ್ಯಾಸ ಲೇಖನ)

"ಕೋಶ ಓದು, ದೇಶ ಸುತ್ತು" ಎಂಬ ಮಾತನ್ನು ನಾವೆಲ್ಲರೂ ಪ್ರಾಥಮಿಕ ಶಾಲೆಯ ಗೋಡೆಯ ಮೇಲೆಯೇ ಓದಿದವರು. ನಮ್ಮಂತಹ ಮನೆಗಳಲ್ಲಿ ಇವೆರಡರಲ್ಲಿ ಮೊದಲನೆಯದು ಕೈಗೂಡುವುದೇ ದೊಡ್ಡ ಮಾತು. ಎರಡನೆಯದು ಕನಸಿನ ಮಾತು. ನನ್ನ ತಂದೆ ನಾಲ್ಕನೆಯ ಇಯತ್ತೆಯವರೆಗೆ ಓದಿದವರು. ಅವ್ವ ಶಾಲೆಯ ಮೆಟ್ಟಿಲು ಹತ್ತಿದವಳಲ್ಲ. ನಮ್ಮ ಮನೆತನದಲ್ಲಿ ಬಿ.ಎ. ತರಗತಿಯ ಬೆಂಚಿನ ಮೇಲೆ ಕುಳಿತವನು ನಾನೇ ಮೊದಲಿಗ. ಅಂತಹ ನನಗೆ ಕಳೆದ ಬೇಸಿಗೆಯ ರಜೆಯಲ್ಲಿ ಇಟಲಿ ದೇಶದ ಬೊಲೊನ್ಯಾ ನಗರದಲ್ಲಿ ಮೂರು ವಾರ ಇದ್ದು ಬರುವ ಯೋಗ ಕೂಡಿ ಬಂದಿತು. ನನ್ನ ಅಣ್ಣ ಐ.ಟಿ.ಐ. ಕಲಿತು ಫಿಟ್ಟರ್ ಆದವನು. ಬೊಲೊನ್ಯಾದ ಸುತ್ತಮುತ್ತ ಸರಕುಗಳನ್ನು ಪೊಟ್ಟಣ ಕಟ್ಟುವ ಯಂತ್ರಗಳನ್ನು ತಯಾರಿಸುವ ಕಾರ್ಖಾನೆಗಳು ಬಹಳ. ಅಂತಹ ಯಂತ್ರಗಳ ಕೆಲಸ ಕಲಿತು ಬರಲೆಂದು ಅವನ ಕಂಪನಿಯವರು ಅವನನ್ನು ಒಂದು ವರ್ಷದ ಮಟ್ಟಿಗೆ ಅಲ್ಲಿಗೆ ಕಳುಹಿಸಿದ್ದರು. ತಾನು ಉಳಿಸಿದ ಹಣದಲ್ಲಿ ಅವನು ನನ್ನನ್ನು ಕರೆಸಿಕೊಂಡನು.

ಆದರೆ ಇಲ್ಲಿ ಪ್ರವಾಸಕಥನವನ್ನು ಬರೆಯುವುದು ನನ್ನ ಉದ್ದೇಶವಲ್ಲ. ಅಲ್ಲಿನ ಚರ್ಚುಗಳನ್ನೂ ಗೋಪುರಗಳನ್ನೂ ಬಲ್ಲವರು ಬಹಳ ಮಂದಿ ವರ್ಣಿಸಿದ್ದಾರೆ. ಆ ಮೂರು ವಾರಗಳಲ್ಲಿ ಒಂದು ದಿನ ನಾನು ಒಂದು ಮನೆಯಲ್ಲಿ ನಡೆಯುವ ಪಾಸ್ತಾ ತರಗತಿಗೆ ಸೇರಿ, ಹಿಟ್ಟಿನಲ್ಲಿ ಕೈಯಿಟ್ಟು ಕಲಿತೆನು. ಮೂರು ಗಂಟೆಯ ಆ ಪಾಠದಿಂದ ನನ್ನ ಮನಸ್ಸಿನಲ್ಲಿ ಎದ್ದ ಪ್ರಶ್ನೆಯೊಂದನ್ನು ಸಹಪಾಠಿಗಳ ಮುಂದೆಯೂ ಗುರುಗಳ ಮುಂದೆಯೂ ಇಡಬೇಕೆಂದು ಈ ಲೇಖನವನ್ನು ಬರೆಯುತ್ತಿರುವೆನು. ಪ್ರಶ್ನೆ ಇದು: ಪುಸ್ತಕದಲ್ಲಿಲ್ಲದೆ ಕೇವಲ ಕೈಯಲ್ಲಿ ಇರುವ ವಿದ್ಯೆ ಹೇಗೆ ಉಳಿಯುತ್ತದೆ?

ಶಾಲೆ ಮತ್ತು ಗುರು

ಪಾಸ್ತಾ ಎಂದರೆ ಗೋಧಿಯ ಹಿಟ್ಟನ್ನು ನಾದಿ, ಲಟ್ಟಿಸಿ ಅಥವಾ ಒತ್ತಿ, ಬೇಕಾದ ಆಕಾರಕ್ಕೆ ತಂದು ನೀರಿನಲ್ಲಿ ಬೇಯಿಸುವ ತಿನಿಸು. ನಮ್ಮ ಶಾವಿಗೆ ಅದರ ದೂರದ ಬಳಗ ಎನ್ನಬಹುದು. ಬೊಲೊನ್ಯಾ ಇರುವ ಎಮಿಲಿಯಾ-ರೊಮಾನ್ಯಾ ಪ್ರಾಂತದಲ್ಲಿ ಮೊಟ್ಟೆ ಬೆರೆಸಿದ ಹಿಟ್ಟನ್ನು ತೆಳುವಾಗಿ ಲಟ್ಟಿಸುವುದು ರೂಢಿ. ಹೀಗೆ ಲಟ್ಟಿಸಿದ ಹಾಳೆಗೆ ಅವರು 'ಸ್ಫೋಲ್ಯಾ' ಎನ್ನುವರು. ಲಟ್ಟಿಸುವುದನ್ನೇ ವೃತ್ತಿಯಾಗಿ ಉಳ್ಳ ಹೆಂಗಸಿಗೆ 'ಸ್ಫೋಲ್ಯೀನಾ' ಎಂದು ಹೆಸರು. ಒಂದು ಕೈಕೆಲಸಕ್ಕೆ ಹೀಗೆ ಪ್ರತ್ಯೇಕವಾದ ಹೆಸರಿರುವುದು ಸಣ್ಣ ಸಂಗತಿಯಲ್ಲ. ಕಮ್ಮಾರ, ಬಡಗಿ, ನೇಕಾರ ಎಂದಂತೆ ಅದೂ ಒಂದು ಕಸಬಿನ ಹೆಸರು.

ನಮಗೆ ಪಾಠ ಹೇಳಿದವರು ಎಪ್ಪತ್ತು ದಾಟಿದ ಒಬ್ಬ ಅಜ್ಜಿ. ಅವರು ಓದಿದ್ದು ಐದನೆಯ ತರಗತಿಯವರೆಗೆ ಮಾತ್ರ. ಎಂಟು ವರ್ಷದವರಿದ್ದಾಗ ಮರದ ಪೆಟ್ಟಿಗೆಯ ಮೇಲೆ ನಿಂತು ತಮ್ಮ ಅಜ್ಜಿಯಿಂದ ಈ ಕೆಲಸ ಕಲಿತರಂತೆ. ಇಟಾಲಿಯನ್ ಭಾಷೆಯಲ್ಲಿ ಅವರು ಹೇಳಿದ್ದನ್ನು ಅವರ ಮಗಳು ಇಂಗ್ಲಿಷಿನಲ್ಲಿ ನಮಗೆ ತಿಳಿಸುತ್ತಿದ್ದರು. ವಿದ್ಯಾರ್ಥಿಗಳು ನಾವು ಆರು ಮಂದಿ. ಮೂವರು ಗಂಡಸರು, ಮೂವರು ಹೆಂಗಸರು. ಪಾಠಶಾಲೆಯೆಂದರೆ ಅವರ ಅಡುಗೆಮನೆಯೇ. ಉಪಕರಣಗಳು ಕೆಲವೇ: ಒಂದು ಅಗಲವಾದ ಮರದ ಹಲಗೆ, ಸುಮಾರು ಒಂದು ಮೀಟರು ಉದ್ದದ ಲಟ್ಟಣಿಗೆ, ಅಗಲ ಅಲಗಿನ ಚಾಕು, ಒಂದು ಹತ್ತಿಯ ಬಟ್ಟೆ, ಮತ್ತು ಒಂದು ತಕ್ಕಡಿ. ನಮ್ಮ ಚಪಾತಿ ಲಟ್ಟಣಿಗೆಯಂತೆ ಅದು ನಡುವೆ ಉಬ್ಬಿ ತುದಿಯಲ್ಲಿ ಸಣ್ಣದಾಗಿರಲಿಲ್ಲ. ಈ ತುದಿಯಿಂದ ಆ ತುದಿಯವರೆಗೆ ಒಂದೇ ದಪ್ಪ.

ಹಿಟ್ಟು, ಮೊಟ್ಟೆ, ಕೈ

ಮೊದಲನೆಯ ಸೂತ್ರ ಬಹು ಸರಳ: ಒಬ್ಬ ಮನುಷ್ಯನಿಗೆ 100 ಗ್ರಾಂ ಹಿಟ್ಟು, ಒಂದು ಮೊಟ್ಟೆ. ಹಿಟ್ಟು ಮೃದು ಗೋಧಿಯದು, ಬಹಳ ನಯವಾಗಿ ಬೀಸಿದ್ದು, ನಮ್ಮ ಮೈದಾ ಹಿಟ್ಟಿಗೆ ಸಮೀಪವಾದದ್ದು. ಅದನ್ನು ಹಲಗೆಯ ಮೇಲೆ ಗುಡ್ಡೆ ಮಾಡಿ, ನಡುವೆ ಬಾವಿಯಂತೆ ಗುಳಿ ತೋಡಿ, ಮೊಟ್ಟೆಗಳನ್ನು ಅದರೊಳಗೆ ಒಡೆದು ಹಾಕಬೇಕು. ಫೋರ್ಕಿನಿಂದ ಮೊಟ್ಟೆಯನ್ನು ಕದಡುತ್ತ, ಬಾವಿಯ ಗೋಡೆಯಿಂದ ಹಿಟ್ಟನ್ನು ಸ್ವಲ್ಪ ಸ್ವಲ್ಪವಾಗಿ ಒಳಕ್ಕೆ ಎಳೆದುಕೊಳ್ಳಬೇಕು. ಗಟ್ಟಿಯಾಗುತ್ತ ಬಂದಾಗ ಕೈ ಹಾಕಬೇಕು. ನೀರನ್ನು ಬೆರೆಸುವಂತಿಲ್ಲ, ಮೊಟ್ಟೆಯಲ್ಲಿರುವ ತೇವವೇ ಹಿಟ್ಟಿಗೆ ಸಾಕಾಗುತ್ತದೆ.

ಅನಂತರ ನಾದುವುದು. ಅಂಗೈಯ ಬುಡದಿಂದ ಮುಂದಕ್ಕೆ ಒತ್ತಿ, ಮಡಿಸಿ, ಕಾಲು ಸುತ್ತು ತಿರುಗಿಸಿ, ಮತ್ತೆ ಒತ್ತಬೇಕು. ಹೀಗೆ ಹತ್ತು ಹದಿನೈದು ನಿಮಿಷ. ಆರಂಭದಲ್ಲಿ ಉರುಟುರುಟಾಗಿ ಹರಿದುಹೋಗುತ್ತಿದ್ದ ಕಣಕವು ಬರಬರುತ್ತ ನುಣುಪಾಗಿ, ಬೆರಳಿನಿಂದ ಒತ್ತಿದರೆ ಮೆಲ್ಲನೆ ಮೇಲೇಳುವಂತಾಗುತ್ತದೆ. ಅದನ್ನು ಮುಚ್ಚಿ ಅರ್ಧ ಗಂಟೆ ಬಿಡಬೇಕು. "ಈಗ ಅದು ನಿದ್ದೆ ಮಾಡಲಿ; ನಾವು ಕಾಫಿ ಕುಡಿಯೋಣ" ಎಂದರು ಅಜ್ಜಿ.

ಒಬ್ಬ ವಿದ್ಯಾರ್ಥಿ ಈ ವಿರಾಮ ಏತಕ್ಕೆಂದು ಕೇಳಿದನು. ಅಜ್ಜಿ ಉತ್ತರವನ್ನು ಮಾತಿನಲ್ಲಿ ಹೇಳಲಿಲ್ಲ. ಆಗತಾನೆ ನಾದಿದ ಒಂದು ಉಂಡೆಯನ್ನು ಲಟ್ಟಿಸಿ ತೋರಿಸಿದರು; ಅದು ರಬ್ಬರಿನಂತೆ ಹಿಂದಕ್ಕೆ ಕುಗ್ಗಿತು. ಅರ್ಧ ಗಂಟೆ ಮುಚ್ಚಿಟ್ಟಿದ್ದ ಇನ್ನೊಂದನ್ನು ಲಟ್ಟಿಸಿದರು. ಅದು ಎಳೆದಂತೆ ಬಂದಿತು. ಪ್ರಯೋಗಶಾಲೆಯಲ್ಲಿಯೂ ಇದಕ್ಕಿಂತ ಸ್ಪಷ್ಟವಾದ ಪ್ರಯೋಗ ಇರಲಾರದು. ಅದನ್ನು ನೋಡುತ್ತಿರುವಾಗ ನನಗೆ ಅವ್ವನ ಮಾತು ನೆನಪಾಯಿತು. ಶಾವಿಗೆಯ ಕಾಲಕ್ಕೆ ಅವಳು ನೆರೆಯ ಹೆಂಗಸರಿಗೆ, "ಕಣಕ ನೆನೀಲಿ ತಡೀರಿ, ನೆನದ ಕಣಕ ಕೈ ಮಾತು ಕೇಳತೈತಿ" ಎಂದು ಹೇಳುತ್ತಿರುತ್ತಾಳೆ. ಸಾವಿರಾರು ಮೈಲಿ ದೂರದ ಇಬ್ಬರು ಹೆಂಗಸರು, ಒಬ್ಬರನ್ನೊಬ್ಬರು ಕಾಣದೆಯೇ, ಒಂದೇ ತತ್ತ್ವವನ್ನು ಬಲ್ಲವರಾಗಿದ್ದಾರೆ.

ಬೆಕ್ಕಾರಿಯ ಶೋಧ

ಈ ತತ್ತ್ವಕ್ಕೆ ಶಾಸ್ತ್ರದ ವಿವರಣೆ ಏನು? ಸೋಜಿಗದ ಸಂಗತಿಯೆಂದರೆ, ಆ ವಿವರಣೆಯ ಮೊದಲ ಹೆಜ್ಜೆಯನ್ನು ಇಟ್ಟದ್ದೂ ಅದೇ ಬೊಲೊನ್ಯಾ ನಗರದಲ್ಲಿಯೇ. ಅಲ್ಲಿನ ವಿಶ್ವವಿದ್ಯಾನಿಲಯ 1088ರಲ್ಲಿ ಆರಂಭವಾಯಿತೆಂದು ಸಂಪ್ರದಾಯ. ಯುರೋಪಿನ ಅತ್ಯಂತ ಹಳೆಯ ವಿಶ್ವವಿದ್ಯಾನಿಲಯವೆಂದು ಅದು ಪ್ರಸಿದ್ಧವಾಗಿದೆ. ಅಲ್ಲಿ ಪ್ರಾಧ್ಯಾಪಕನಾಗಿದ್ದ ಯಾಕೊಪೊ ಬಾರ್ತೊಲೊಮೆಯೊ ಬೆಕ್ಕಾರಿ ಎಂಬಾತನು 1728ರಲ್ಲಿ ವಿದ್ವಾಂಸರ ಮುಂದೆ ಒಂದು ಪ್ರಯೋಗವನ್ನು ವಿವರಿಸಿದನು. ಗೋಧಿಹಿಟ್ಟಿನ ಕಣಕವನ್ನು ನೀರಿನಲ್ಲಿ ಹಿಸುಕುತ್ತ ತೊಳೆದರೆ ಬಿಳಿಯ ಪಿಷ್ಟವು ನೀರಿನೊಡನೆ ಹೋಗುತ್ತದೆ. ಕೈಯಲ್ಲಿ ಅಂಟುಅಂಟಾದ, ಎಳೆದರೆ ಹಿಗ್ಗುವ ಒಂದು ಮುದ್ದೆ ಉಳಿಯುತ್ತದೆ. ಅದು ಸಸ್ಯಪದಾರ್ಥಕ್ಕಿಂತ ಪ್ರಾಣಿಪದಾರ್ಥವನ್ನು ಹೆಚ್ಚು ಹೋಲುತ್ತದೆಂದು ಅವನು ಗುರುತಿಸಿದನು. ಈ ವರದಿ 1745ರಲ್ಲಿ ಅಚ್ಚಾಯಿತು. ಇಂದು ನಾವು ಗ್ಲುಟೆನ್ ಎಂದು ಕರೆಯುವುದು ಅದನ್ನೇ. ಈ ಪ್ರಯೋಗಕ್ಕೆ ಬೇಕಾದ್ದು ಒಂದು ಹಿಡಿ ಹಿಟ್ಟು ಮತ್ತು ಒಂದು ಪಾತ್ರೆ ನೀರು ಮಾತ್ರ. ನಮ್ಮಲ್ಲಿ ಯಾರು ಬೇಕಾದರೂ ಮಾಡಿ ನೋಡಬಹುದು.

ಗ್ಲುಟೆನ್ ಎಂಬುದು ಮುಖ್ಯವಾಗಿ ಎರಡು ಬಗೆಯ ಪ್ರೋಟೀನುಗಳ ಕೂಟ. ಗ್ಲುಟೆನಿನ್ ಎಂಬುದು ಕಣಕಕ್ಕೆ ಬಲವನ್ನೂ ಹಿಂದಕ್ಕೆ ಸೆಳೆಯುವ ಗುಣವನ್ನೂ ಕೊಡುತ್ತದೆ. ಗ್ಲಯಾಡಿನ್ ಎಂಬುದು ಹರಿದುಹೋಗದೆ ಹಿಗ್ಗುವ ಗುಣವನ್ನು ಕೊಡುತ್ತದೆ. ತೇವ ತಗುಲಿ, ನಾದಿದಾಗ ಇವೆರಡೂ ಹೆಣೆದುಕೊಂಡು ಬಲೆಯಂತಾಗುತ್ತವೆ. ನಾದಿದ ಕೂಡಲೆ ಆ ಬಲೆ ಬಿಗಿದ ಸ್ಥಿತಿಯಲ್ಲಿರುವುದರಿಂದ ಲಟ್ಟಿಸಿದರೆ ಕುಗ್ಗುತ್ತದೆ. ಸ್ವಲ್ಪ ಹೊತ್ತು ಬಿಟ್ಟರೆ ಬಿಗಿ ಸಡಿಲಗೊಳ್ಳುತ್ತದೆ, ತೇವವೂ ಎಲ್ಲ ಕಡೆ ಸಮನಾಗಿ ಹರಡುತ್ತದೆ. ಅಜ್ಜಿಯ 'ನಿದ್ದೆ', ಅವ್ವನ 'ನೆನೆಯುವುದು', ಶಾಸ್ತ್ರಜ್ಞನ 'ಸಡಿಲಿಕೆ' ಮೂರೂ ಒಂದೇ.

ಇಲ್ಲಿ ನಾವು ಗಮನಿಸಬೇಕಾದ ಅಂಶವೊಂದಿದೆ. ಬೆಕ್ಕಾರಿ ಹುಟ್ಟುವ ಎಷ್ಟೋ ಕಾಲ ಮೊದಲೇ ಬೊಲೊನ್ಯಾದ ಹೆಂಗಸರು ಕಣಕವನ್ನು ನಿದ್ದೆಗೆ ಬಿಡುತ್ತಿದ್ದರು. ಅವನ ಶೋಧದಿಂದ ಅವರ ಕೆಲಸ ಬದಲಾಗಲಿಲ್ಲ. ಆದರೆ ಅದರ ಕಾರಣ ತಿಳಿಯಿತು. ಕಾರಣ ತಿಳಿದಾಗ ಅದನ್ನು ಬೇರೆಯವರಿಗೆ ಹೇಳಿಕೊಡುವುದು ಸಾಧ್ಯವಾಯಿತು. ಕೈ ಮುಂದೆ ನಡೆಯಿತು, ಪುಸ್ತಕ ಹಿಂದೆ ಬಂದಿತು. ನಾವು ಕಾಲೇಜಿನಲ್ಲಿ ಇದನ್ನು ಬಹುಮಟ್ಟಿಗೆ ತಿರುವುಮುರುವಾಗಿಯೇ ತಿಳಿಯುತ್ತೇವೆ.

ಲಟ್ಟಣಿಗೆ ಮತ್ತು ಗೋಪುರ

ಅರ್ಧ ಗಂಟೆ ಕಳೆದ ಮೇಲೆ ಲಟ್ಟಿಸುವ ಪಾಠ. ಅಜ್ಜಿ ಕಣಕದ ನಡುವಿನಿಂದ ಅಂಚಿನ ಕಡೆಗೆ ಒತ್ತಿ, ಪ್ರತಿ ಸಲವೂ ಹಾಳೆಯನ್ನು ಸ್ವಲ್ಪ ತಿರುಗಿಸುತ್ತಿದ್ದರು. ಹಾಳೆ ದೊಡ್ಡದಾದಂತೆ ಅದರ ಅಂಚನ್ನು ಲಟ್ಟಣಿಗೆಗೆ ಸುತ್ತಿ, ಅಂಗೈಗಳನ್ನು ನಡುವಿನಿಂದ ತುದಿಗಳಿಗೆ ಜಾರಿಸುತ್ತ ಉರುಳಿಸುತ್ತಿದ್ದರು. ಹೀಗೆ ಹಾಳೆಯು ಉದ್ದಕ್ಕೂ ಅಡ್ಡಕ್ಕೂ ಏಕಕಾಲದಲ್ಲಿ ಹಿಗ್ಗುತ್ತದೆ. ಕೊನೆಗೆ ಅದು ಒಂದು ಮಿಲಿಮೀಟರಿಗಿಂತ ತೆಳುವಾಗಿ, ಹಲಗೆಯ ಅಂಚಿನಿಂದ ಕೆಳಕ್ಕೆ ಇಳಿಬಿದ್ದಿತು. ಬೆಳಕಿಗೆ ಎತ್ತಿ ಹಿಡಿದಾಗ ಆಚೆಗಿನ ಕಿಟಕಿಯ ನೆರಳು ಕಾಣಿಸುತ್ತಿತ್ತು. ಮರದ ಹಲಗೆಯ ಮೇಲೆಯೇ ಲಟ್ಟಿಸಬೇಕು, ಕಲ್ಲಿನ ಮೇಲಲ್ಲ ಎಂಬುದು ಅವರ ಆಗ್ರಹ. ಮರದ ಮೇಲೆ ಲಟ್ಟಿಸಿದ ಹಾಳೆಯ ಮೈ ಕೊಂಚ ಒರಟಾಗುತ್ತದೆ. ಆ ಒರಟಿಗೆ ಸಾರು ಹಿಡಿಯುತ್ತದೆ.

ಹಾಳೆಯನ್ನು ಬಟ್ಟೆಯ ಮೇಲೆ ಹರವಿ, ಅಂಟದಷ್ಟು ಆರಿದ ಮೇಲೆ ಚಾಪೆಯಂತೆ ಸುತ್ತಿ, ಚಾಕುವಿನಿಂದ ಪಟ್ಟಿಪಟ್ಟಿಯಾಗಿ ಕತ್ತರಿಸಿದೆವು. ಇದಕ್ಕೆ 'ತಾಲ್ಯತೆಲ್ಲೆ' ಎಂದು ಹೆಸರು. 'ಕತ್ತರಿಸು' ಎಂಬ ಅರ್ಥದ ಇಟಾಲಿಯನ್ ಶಬ್ದದಿಂದ ಬಂದುದು. ಎಷ್ಟು ಅಗಲಕ್ಕೆ ಕತ್ತರಿಸಬೇಕೆಂದು ನಾನು ಕೇಳಿದೆನು. ಅಜ್ಜಿ ನಕ್ಕು, "ವಾಣಿಜ್ಯ ಮಂಡಳಿಗೆ ಹೋಗಿ ನೋಡು" ಎಂದರು. ಅದು ಹಾಸ್ಯವೆಂದು ಎಲ್ಲರೂ ನಕ್ಕೆವು. ಅವರ ಮಗಳು ವಿವರಿಸಿದಾಗ ಅದು ನಿಜವೆಂದು ತಿಳಿಯಿತು.

1972ರ ಏಪ್ರಿಲ್ 16ರಂದು ಬೊಲೊನ್ಯಾದ ವಾಣಿಜ್ಯ ಮಂಡಳಿಯಲ್ಲಿ ತಾಲ್ಯತೆಲ್ಲೆಯ ಅಳತೆಯನ್ನು ವಿಧ್ಯುಕ್ತವಾಗಿ ದಾಖಲು ಮಾಡಿಸಿದರು. ಬೆಂದ ಮೇಲೆ ಅದರ ಅಗಲ 8 ಮಿಲಿಮೀಟರು ಇರಬೇಕು. ಅಳತೆಯ ನಮೂನೆಯಾಗಿ ಚಿನ್ನದಲ್ಲಿ ಮಾಡಿದ ಒಂದು ತಾಲ್ಯತೆಲ್ಲೆಯನ್ನು ಅಲ್ಲಿ ಇರಿಸಿದ್ದಾರೆ. ಮೇಲಾಗಿ, ಈ ಅಗಲವು ನಗರದ ಪ್ರಸಿದ್ಧವಾದ ಅಸಿನೆಲ್ಲಿ ಗೋಪುರದ ಎತ್ತರದ 12,270ನೆಯ ಒಂದು ಭಾಗ ಎಂದೂ ಹೇಳಿದ್ದಾರೆ. ಗೋಪುರದ ಎತ್ತರ ಸುಮಾರು 97.2 ಮೀಟರು. ಭಾಗಿಸಿ ನೋಡಿದರೆ 7.9 ಮಿಲಿಮೀಟರಿಗೆ ತುಸು ಮೇಲೆ ಬರುತ್ತದೆ. ಲೆಕ್ಕ ಬಹುಮಟ್ಟಿಗೆ ಸರಿಯೇ. 1974ರಲ್ಲಿ 'ತೋರ್ತೆಲ್ಲೀನಿ' ಎಂಬ ಸಣ್ಣ ಕಡುಬಿನಂತಹ ಪಾಸ್ತಾದ ಹೂರಣದ ವಿಧಾನವನ್ನೂ, 1982ರಲ್ಲಿ 'ರಗು' ಎಂಬ ಮಾಂಸದ ಸಾರಿನ ವಿಧಾನವನ್ನೂ ಅಲ್ಲಿಯೇ ದಾಖಲು ಮಾಡಿಸಿದರು.

ಇದನ್ನು ಕೇಳಿದ ನಮ್ಮವರು ನಗಬಹುದು. ಪಾಸ್ತಾದ ಅಗಲಕ್ಕೆ ಚಿನ್ನದ ಮಾದರಿಯೇ, ಗೋಪುರದ ಲೆಕ್ಕವೇ ಎಂದು ಕೇಳಬಹುದು. ಅದರಲ್ಲಿ ಊರಿನ ಹೆಮ್ಮೆ, ವ್ಯಾಪಾರದ ಜಾಣತನ ಎರಡೂ ಇವೆ ಎಂಬುದು ನಿಜ. ಆದರೂ ಯೋಚಿಸಿ ನೋಡಿದರೆ, ಓದುಬರಹ ಹೆಚ್ಚಾಗಿ ಬಾರದ ಅಜ್ಜಿಯರ ಕೈ ಅಂದಾಜನ್ನು ಒಂದು ನಗರವು ತನ್ನ ಅತಿ ಎತ್ತರದ ಗೋಪುರದ ಪಕ್ಕದಲ್ಲಿಟ್ಟು ಅಳೆಯಿತು. ಆ ಗೌರವವು ನಗುವಂತಹದಲ್ಲ.

ಎರಡು ಗೋಧಿ

ಇಟಲಿಯ ಪಾಸ್ತಾವೆಲ್ಲ ಮೊಟ್ಟೆಯದಲ್ಲ. ದಕ್ಷಿಣದ ಪ್ರಾಂತಗಳಲ್ಲಿ ಗಡುಸು ಗೋಧಿಯ ರವೆಗೆ ನೀರನ್ನು ಮಾತ್ರ ಬೆರೆಸಿ ಪಾಸ್ತಾ ಮಾಡುವರು. ಗಡುಸು ಗೋಧಿ, ಅಂದರೆ ಡ್ಯೂರಮ್, ಕಾಳು ಹಳದಿ, ಒಡೆದರೆ ಗಾಜಿನಂತೆ ಚೂರಾಗುವಂತಹದು. ಬ್ರೆಡ್ಡಿನ ಗೋಧಿಯಲ್ಲಿ 42 ವರ್ಣತಂತುಗಳಿದ್ದರೆ ಇದರಲ್ಲಿ 28. ಅದರ ಗ್ಲುಟೆನ್ ಬಿಗಿಯಾಗಿದ್ದು ಆಕಾರವನ್ನು ಹಿಡಿದುಕೊಳ್ಳುತ್ತದೆ. ಬೇಯಿಸಿದಾಗ ಪಿಷ್ಟವು ನೀರಿಗೆ ಸೋರಿ ಗಂಜಿಯಾಗುವುದಿಲ್ಲ. ಆದ್ದರಿಂದ ಒಣಗಿಸಿ ಇಡುವ ಪಾಸ್ತಾಕ್ಕೆ ಅದೇ ಶ್ರೇಷ್ಠ.

ಮಾರ್ಕೊ ಪೋಲೊ ಚೀನಾದಿಂದ ಪಾಸ್ತಾವನ್ನು ಇಟಲಿಗೆ ತಂದನೆಂಬ ಕಥೆಯನ್ನು ಅನೇಕರು ಕೇಳಿರಬಹುದು. ಅದು ನಿಲ್ಲುವಂತಹದಲ್ಲ. 1154ರಲ್ಲಿಯೇ ಅಲ್ ಇದ್ರೀಸಿ ಎಂಬ ಅರಬ್ ಭೂಗೋಳಜ್ಞನು ಸಿಸಿಲಿ ದ್ವೀಪದ ತ್ರಾಬಿಯಾ ಎಂಬ ಊರಿನಲ್ಲಿ ಒಣ ಶಾವಿಗೆಯಂತಹ ತಿನಿಸನ್ನು ಮಾಡಿ ಹಡಗುಗಳಲ್ಲಿ ದೂರದೂರಕ್ಕೆ ಕಳುಹಿಸುತ್ತಿದ್ದರೆಂದು ಬರೆದಿದ್ದಾನೆ. ಜಿನೋವಾ ನಗರದಲ್ಲಿ 1279ರಲ್ಲಿ ಬರೆದ ಒಂದು ಆಸ್ತಿಪಟ್ಟಿಯಲ್ಲಿ ಒಂದು ಪೆಟ್ಟಿಗೆ ತುಂಬ ಮ್ಯಾಕರೋನಿ ಇತ್ತೆಂದು ನಮೂದಾಗಿದೆ. ಮಾರ್ಕೊ ಪೋಲೊ ಮರಳಿದ್ದು 1295ರಲ್ಲಿ. ಇತಿಹಾಸದ ವಿದ್ಯಾರ್ಥಿಗಳಿಗೆ ಇದೊಂದು ಒಳ್ಳೆಯ ಪಾಠ: ಒಬ್ಬ ನೋಟರಿಯ ಒಣ ಪಟ್ಟಿಯು ಒಂದು ರಮ್ಯಕಥೆಯನ್ನು ಕೆಡವಬಲ್ಲದು. ಯಾರೋ ಬರೆದಿಟ್ಟಿದ್ದರಿಂದಲ್ಲವೇ ನಮಗೆ ಸತ್ಯ ದೊರೆತದ್ದು?

ಇಟಲಿಯ ಸರ್ಕಾರವು 1967ರಲ್ಲಿ ಒಂದು ಕಾನೂನು ಮಾಡಿ, ಒಣ ಪಾಸ್ತಾವನ್ನು ಗಡುಸು ಗೋಧಿಯಿಂದಲೇ ಮಾಡತಕ್ಕದ್ದೆಂದು ವಿಧಿಸಿತು. ಬೇರೆ ದೇಶಗಳಲ್ಲಿ ಮೃದು ಗೋಧಿಯಿಂದ ಮಾಡಿದ ಪಾಸ್ತಾ ಒಳಗೆ ಬರುವುದನ್ನು ತಡೆಯುವಂತಿಲ್ಲವೆಂದು 1988ರಲ್ಲಿ ಯುರೋಪಿನ ನ್ಯಾಯಾಲಯ ತೀರ್ಪು ಕೊಟ್ಟಿತು. ಆದರೂ ತನ್ನ ದೇಶದ ತಯಾರಕರಿಗೆ ಇಟಲಿಯು 2001ರ ನಿಯಮಾವಳಿಯಲ್ಲಿ ಅದೇ ಕಟ್ಟಳೆಯನ್ನು ಮುಂದುವರಿಸಿತು. ಒಣ ಪಾಸ್ತಾದಲ್ಲಿ ತೇವ ನೂರಕ್ಕೆ 12.5ಕ್ಕಿಂತ ಹೆಚ್ಚಿರಬಾರದೆಂಬುದೂ ಅದರಲ್ಲಿದೆ.

ಈ ಗಡುಸು ಗೋಧಿಯ ಹೆಸರು ಕೇಳಿ ನಾನು ಅದನ್ನು ಹೊಸ ವಸ್ತುವೆಂದು ಭಾವಿಸಲಿಲ್ಲ. ನಮ್ಮ ಅಂಗಡಿಗಳಲ್ಲಿ ಬನ್ಸಿ ರವೆ ಎಂದು ಮಾರುವುದು ಡ್ಯೂರಮ್ ಗೋಧಿಯದೇ. ಉತ್ತರ ಕರ್ನಾಟಕದಲ್ಲಿ ಹಿಂದಿನಿಂದ ಬೆಳೆಯುತ್ತ ಬಂದಿರುವ ಸದಕ ಎಂಬ ಗೋಧಿಯು ಡೈಕಾಕಮ್ ಎಂಬ ಇನ್ನೂ ಪ್ರಾಚೀನವಾದ ಜಾತಿಯದು. ಅದಕ್ಕೂ ವರ್ಣತಂತುಗಳು 28. ಇಟಲಿಯಲ್ಲಿಯೂ ಈ ಜಾತಿಯನ್ನು 'ಫಾರೊ' ಎಂಬ ಹೆಸರಿನಿಂದ ಇಂದಿಗೂ ಬೆಳೆಯುತ್ತಾರೆ. ಧಾರವಾಡದ ಕೃಷಿ ವಿಶ್ವವಿದ್ಯಾನಿಲಯದಲ್ಲಿ ಈ ಗೋಧಿಯ ಬಗ್ಗೆ ಸಂಶೋಧನೆ ನಡೆದಿದೆ. ಅಂದಮೇಲೆ ನಮ್ಮ ಹೊಲಕ್ಕೂ ಅವರ ಹೊಲಕ್ಕೂ ನೆಂಟಸ್ತಿಕೆ ಇದೆ.

ಕೈಗೆ ದೊರೆತ ಗೌರವ

ಇಟಲಿಯ ಮನೆಯಡುಗೆಯನ್ನು ಪುಸ್ತಕಕ್ಕೆ ತಂದವರಲ್ಲಿ ಪೆಲ್ಲೆಗ್ರೀನೊ ಆರ್ತೂಸಿಯ ಹೆಸರು ದೊಡ್ಡದು. ಅವನು 1820ರಲ್ಲಿ ಫೋರ್ಲಿಂಪೋಪೊಲಿ ಎಂಬ ಸಣ್ಣ ಊರಿನಲ್ಲಿ ಹುಟ್ಟಿ, ವ್ಯಾಪಾರ ಮಾಡಿ, ಫ್ಲಾರೆನ್ಸಿನಲ್ಲಿ ನೆಲೆಸಿದವನು. ಅಡುಗೆಯ ಶಾಸ್ತ್ರವನ್ನೂ ಊಟದ ಕಲೆಯನ್ನೂ ಕುರಿತ ಅವನ ಗ್ರಂಥವನ್ನು ಅಚ್ಚುಹಾಕಲು ಪ್ರಕಾಶಕರು ಒಪ್ಪಲಿಲ್ಲ. 1891ರಲ್ಲಿ, ಎಪ್ಪತ್ತು ದಾಟಿದ ವಯಸ್ಸಿನಲ್ಲಿ, ತನ್ನ ಸ್ವಂತ ಖರ್ಚಿನಿಂದಲೇ ಅದನ್ನು ಪ್ರಕಟಿಸಿದನು. ಅವನ ಮನೆಯಲ್ಲಿ ಕೆಲಸಕ್ಕಿದ್ದ ಮರಿಯೆತ್ತಾ ಸಬತೀನಿ ಎಂಬ ಹೆಂಗಸೂ ಫ್ರಾನ್ಚೆಸ್ಕೊ ರುಫಿಲ್ಲಿ ಎಂಬ ಅಡುಗೆಯವನೂ ಬಗೆಗಳನ್ನು ಒಲೆಯ ಮೇಲೆ ಮಾಡಿ ನೋಡಿದರು, ಆರ್ತೂಸಿ ಬರೆದನು. 1911ರಲ್ಲಿ ಅವನು ತೀರಿಕೊಂಡಾಗ ಆ ಗ್ರಂಥದ ಹಕ್ಕುಗಳನ್ನು ಅವರಿಬ್ಬರಿಗೇ ಬಿಟ್ಟುಹೋಗಿದ್ದನು. ಪುಸ್ತಕವು ಕೈಯ ಋಣವನ್ನು ತೀರಿಸಿದ ಇಂತಹ ದೃಷ್ಟಾಂತ ವಿರಳ.

ಅವನ ಹುಟ್ಟೂರಿನಲ್ಲಿ 2007ರಲ್ಲಿ 'ಕಾಸಾ ಆರ್ತೂಸಿ' ಎಂಬ ಸಂಸ್ಥೆ ತೆರೆಯಿತು. ಅಲ್ಲಿ ಗ್ರಂಥಾಲಯವೂ ಇದೆ, ಅಡುಗೆಯ ಶಾಲೆಯೂ ಇದೆ. ಅಲ್ಲಿ ಕೈಯ ಪಾಸ್ತಾವನ್ನು ಕಲಿಸುವ ಮನೆಯಡುಗೆಯವರಿಗೆ ಆ ಮರಿಯೆತ್ತಾಳ ಹೆಸರನ್ನೇ ಇಟ್ಟು 'ಮರಿಯೆತ್ತೆ' ಎಂದು ಕರೆಯುತ್ತಾರೆ. ಗ್ರಂಥಾಲಯವೂ ಒಲೆಯೂ ಒಂದೇ ಸೂರಿನಡಿ! ಮತ್ತೆ, 2025ರ ಡಿಸೆಂಬರಿನಲ್ಲಿ ನಮ್ಮ ದೆಹಲಿಯಲ್ಲಿಯೇ ಸೇರಿದ್ದ ಯುನೆಸ್ಕೊ ಸಮಿತಿಯು ಇಟಲಿಯ ಅಡುಗೆಯನ್ನು ಮನುಕುಲದ ಅಮೂರ್ತ ಪರಂಪರೆಯ ಪಟ್ಟಿಗೆ ಸೇರಿಸಿತು.

ಎಲ್ಲವೂ ಅಲ್ಲಿ ಸುಗಮವಾಗಿದೆ ಎಂದು ಯಾರೂ ತಿಳಿಯಬೇಕಾಗಿಲ್ಲ. ದಕ್ಷಿಣದ ಬಾರಿ ನಗರದ ಹಳೆಯ ಪೇಟೆಯಲ್ಲಿ ಹೆಂಗಸರು ಮನೆಯ ಬಾಗಿಲಲ್ಲಿ ಕುಳಿತು 'ಒರೆಕ್ಯೆತ್ತೆ' ಎಂಬ ಪುಟ್ಟ ಕಿವಿಯಾಕಾರದ ಪಾಸ್ತಾವನ್ನು ಚಾಕುವಿನ ತುದಿಯಿಂದ ಎಳೆದೆಳೆದು ಮಾಡಿ ಮಾರುವರು. 2019ರಲ್ಲಿ, ಎಲ್ಲಿ ಯಾರು ಮಾಡಿದರೆಂಬ ಚೀಟಿಯಿಲ್ಲದ ಅಂತಹ ಪಾಸ್ತಾವನ್ನು ಒಂದು ಹೋಟೆಲಿನಿಂದ ಅಧಿಕಾರಿಗಳು ವಶಪಡಿಸಿಕೊಂಡಾಗ ದೊಡ್ಡ ಚರ್ಚೆ ನಡೆಯಿತು. ತಿನ್ನುವವರ ಆರೋಗ್ಯಕ್ಕೆ ಕಟ್ಟಳೆ ಬೇಕು; ಬಾಗಿಲಲ್ಲಿ ಕುಳಿತ ಮುದುಕಿಯ ಸಂಪಾದನೆಯೂ ಉಳಿಯಬೇಕು. ಇವೆರಡರ ನಡುವೆ ದಾರಿ ಹುಡುಕುವುದು ಕಷ್ಟದ ಕೆಲಸ. ಇನ್ನೊಂದು ಮಾತೂ ಇದೆ. ನಾನು ಕಲಿತ ಅಜ್ಜಿಯ ಸ್ವಂತ ಮೊಮ್ಮಕ್ಕಳು ಲಟ್ಟಣಿಗೆ ಹಿಡಿಯುವುದಿಲ್ಲವಂತೆ; ಅವರಿಂದ ಕಲಿಯುವವರು ಹೆಚ್ಚಾಗಿ ನನ್ನಂತಹ ಪರದೇಶದವರು. "ಯಾರ ಕೈಯಾದರೇನು, ಕೈ ಬೇಕು" ಎಂದರು ಅವರು. ಆ ಮಾತಿನಲ್ಲಿ ಸಂತೋಷವೂ ಇತ್ತು, ನೋವೂ ಇತ್ತು.

ನಾವು ಬೇಯಿಸಿದ ಕ್ರಮವನ್ನು ಹೇಳಿ ಪಾಠದ ಕಥೆಯನ್ನು ಮುಗಿಸುವೆನು. 100 ಗ್ರಾಂ ಪಾಸ್ತಾಕ್ಕೆ ಒಂದು ಲೀಟರು ನೀರು, 10 ಗ್ರಾಂ ಉಪ್ಪು. ನೀರು ಮರಳುವಾಗ ಹಾಕಿ, ಹಸಿಯ ತಾಲ್ಯತೆಲ್ಲೆಯನ್ನು ಎರಡು ಮೂರು ನಿಮಿಷಕ್ಕೆ ತೆಗೆಯಬೇಕು. ಹಲ್ಲಿಗೆ ತುಸು ತಡೆ ಸಿಗುವಂತಿರಬೇಕು, ಮೆತ್ತಗಾಗಬಾರದು. ಬೆಣ್ಣೆಯನ್ನೂ ಚೀಸಿನ ತುರಿಯನ್ನೂ ಬೆರೆಸಿ ಆರು ಮಂದಿಯೂ ಒಂದೇ ಮೇಜಿಗೆ ಕುಳಿತು ಉಂಡೆವು.

ನಮ್ಮ ಮನೆಯ ವಿದ್ಯೆ

ಮೇಲಿನ ಪ್ರಶ್ನೆಗೆ ನನಗೆ ತೋರಿದ ಉತ್ತರವನ್ನು ಈಗ ಹೇಳಬಹುದು. ಕೈಯ ವಿದ್ಯೆ ಉಳಿಯಲು ನಾಲ್ಕು ಬೇಕು: ಹೆಸರು, ಅಳತೆ, ಶಾಲೆ, ಸಂಪಾದನೆ. ಬೊಲೊನ್ಯಾದ ಅಜ್ಜಿಗೆ ಈ ನಾಲ್ಕೂ ದೊರೆತಿವೆ. ನಮ್ಮ ಸೀಮೆಯ ಹೆಂಗಸರಿಗೆ ಏನು ದೊರೆತಿದೆ?

ಗದಗ ಸೀಮೆಯ ನಮ್ಮ ಊರಿನಲ್ಲಿ ಬೇಸಿಗೆ ಬಂದರೆ ಶಾವಿಗೆಯ ಕಾಲ. ಓರೆಯಾಗಿ ಇಟ್ಟ ಶಾವಿಗೆ ಮಣೆಯ ಮೇಲೆ ಕಣಕವನ್ನು ಹೊಸೆದು ಎಳೆಯುತ್ತಿದ್ದರೆ, ಕೂದಲೆಳೆಯಂತಹ ಶಾವಿಗೆ ಕೆಳಕ್ಕೆ ಇಳಿಯುತ್ತದೆ. ಅದನ್ನು ಕೋಲಿಗೆ ಹಾಕಿ ಒಣಗಿಸುವರು. ಮದುವೆಗಳಿಗೆ ಗವಲಿ, ಪರಡಿ ಮುಂತಾದ ಬಗೆಗಳನ್ನು ಬೆರಳಿನಿಂದಲೇ ತಿರುವಿ ಮಾಡುವರು. ಒಂದೊಂದು ಗವಲಿಯೂ ಅಕ್ಕಿಯ ಕಾಳಿನಷ್ಟು. ನೆರೆಹೊರೆಯ ಹೆಂಗಸರೆಲ್ಲ ಸೇರಿ, ಇಂದು ಒಬ್ಬರ ಮನೆ, ನಾಳೆ ಇನ್ನೊಬ್ಬರ ಮನೆ ಎಂದು ಮುಯ್ಯಿಯ ಲೆಕ್ಕದಲ್ಲಿ ಮಾಡುವ ಕೆಲಸವಿದು. ಗಂಡುಹುಡುಗರು ಮಣೆಯ ಹತ್ತಿರ ಕೂರುವ ವಾಡಿಕೆ ಇಲ್ಲ. ಈಗ ಅನೇಕ ಊರುಗಳಿಗೆ ಶಾವಿಗೆಯ ಯಂತ್ರ ಬಂದಿದೆ. ಅದರಿಂದ ಹೆಂಗಸರ ಬೆನ್ನುನೋವು ಕಡಮೆಯಾಗಿದೆ ಎಂಬುದನ್ನು ಮರೆಯಬಾರದು. ಆದರೆ ಗವಲಿಯನ್ನು ಬಲ್ಲ ಕೈಗಳು ನಮ್ಮ ಓಣಿಯಲ್ಲಿ ಈಗ ಮೂರೇ ಉಳಿದಿವೆ.

ಊರಿಗೆ ಮರಳಿದ ಮೇಲೆ ನಾನು ಒಂದು ತಕ್ಕಡಿಯನ್ನು ತಂದು ಅವ್ವನ ಪಕ್ಕದಲ್ಲಿಟ್ಟು ಕುಳಿತೆನು. ಒಂದು ಕಿಲೊ ರವೆಗೆ ಎಷ್ಟು ನೀರು ಎಂದು ಕೇಳಿದೆನು. "ಹಿಟ್ಟು ಬೇಡಿದಷ್ಟು ಹಾಕಬೇಕಪ್ಪ" ಎಂದಳು. ಬೇರೆ ಬೇರೆ ಮೂರು ದಿನ ಅವಳು ನಾದುವ ಮೊದಲು ನೀರಿನ ತಂಬಿಗೆಯನ್ನು ತೂಗಿದೆನು. ನಾದಿದ ಮೇಲೆ ಮತ್ತೆ ತೂಗಿದೆನು. ಮೂರು ದಿನವೂ ಅವಳು ಹಾಕಿದ ನೀರು ಹೆಚ್ಚುಕಡಮೆ ಒಂದೇ ತೂಕ ಬಂದಿತು. ಅಳತೆಯಿಲ್ಲವೆಂದು ನಾವು ಭಾವಿಸುವಲ್ಲಿ ಅಳತೆಯಿತ್ತು. ಅದು ಅವಳ ಬೆರಳಿನಲ್ಲಿತ್ತು. ಅದನ್ನು ನೋಟುಪುಸ್ತಕದಲ್ಲಿ ಬರೆದುಕೊಂಡೆನು. ಓದಿ ಹೇಳಿದಾಗ ಅವ್ವ, "ಇದನ್ನೂ ಬರೀತಾರೇನೋ?" ಎಂದು ಕೇಳಿದಳು. ಬರೆಯುತ್ತಾರೆ, ಚಿನ್ನದಲ್ಲಿ ಮಾಡಿಸಿ ಇಡುತ್ತಾರೆ ಎಂದು ನಾನು ಹೇಳಿದೆನು. ಅವಳು ನಂಬಲಿಲ್ಲ.

ಸಹಪಾಠಿಗಳೇ, ನಮ್ಮಲ್ಲಿ ಬಹುಮಂದಿ ನಮ್ಮ ನಮ್ಮ ಮನೆಗಳಿಂದ ಕಾಲೇಜಿಗೆ ಬಂದ ಮೊದಲಿಗರು. ನಾವು ಬರೆಯಬಲ್ಲೆವು, ತೂಗಬಲ್ಲೆವು, ಕಾರಣವನ್ನು ಹುಡುಕಬಲ್ಲೆವು. ನಮ್ಮ ತಂದೆತಾಯಿಗಳು ಮಾಡಬಲ್ಲರು. ಮಾಡಬಲ್ಲವರೂ ಬರೆಯಬಲ್ಲವರೂ ಒಂದೇ ಮನೆಯಲ್ಲಿ, ಒಂದೇ ಒಲೆಯ ಮುಂದೆ ಕೂಡಿರುವ ಕಾಲವಿದು. ಇದು ಒಂದು ತಲೆಮಾರಿನ ಮಟ್ಟಿಗೆ ಮಾತ್ರ. ಮುಂದಿನವರಿಗೆ ಈ ಅನುಕೂಲ ಇರಲಾರದು. ಆದ್ದರಿಂದ ಮುಂದಿನ ರಜೆಗೆ ಊರಿಗೆ ಹೋಗುವಾಗ ಪ್ರತಿಯೊಬ್ಬರೂ ಒಂದು ನೋಟುಪುಸ್ತಕವನ್ನು ಒಯ್ಯಲಿ. ಕುಂಬಾರರ ಮನೆಯವರು ಮಣ್ಣಿನ ಹದವನ್ನು, ನೇಕಾರರ ಮನೆಯವರು ನೂಲಿಗೆ ಗಂಜಿ ಹಾಕುವ ಕ್ರಮವನ್ನು, ರೈತರ ಮನೆಯವರು ಬೀಜ ಕಾಯ್ದಿಡುವ ರೀತಿಯನ್ನು ಬರೆದು ತರಲಿ. ಯಾರಿಂದ ತಿಳಿದದ್ದೆಂಬುದನ್ನು ಅವರ ಹೆಸರಿನೊಡನೆ ನಮೂದಿಸಲಿ. ಪೂಜ್ಯ ಅಧ್ಯಾಪಕರು ಒಪ್ಪಿದರೆ, ನಮ್ಮ ಗ್ರಂಥಾಲಯದ ಒಂದು ಕಪಾಟನ್ನು ಈ ಪುಸ್ತಕಗಳಿಗೆ ಬಿಟ್ಟುಕೊಡಬಹುದು.

ಮೊದಲನೆಯ ಪುಸ್ತಕವಾಗಿ ನನ್ನ ಅವ್ವನ ಶಾವಿಗೆಯ ಲೆಕ್ಕವನ್ನು ಕೊಡಲು ನಾನು ಸಿದ್ಧನಿದ್ದೇನೆ.